ಸೌಂಡ್ ಯಾಕೆ ಬರಲ್ಲ ಅಂತ ಕೇಳುವವರಿಗೆ

ಪ್ರಶ್ನೆ ಇದು: ‘ಫೋನ್‌ನಲ್ಲಿ ಸ್ಕ್ರೀನ್ ರೆಕಾರ್ಡ್ ಮಾಡಿದೆ. ವಿಡಿಯೋ ಬಂದಿದೆ, ಸೌಂಡ್ ಮಾತ್ರ ಇಲ್ಲ. ಯಾಕೆ?’

ನಾನು ಆ್ಯಪ್ ಟೆಸ್ಟಿಂಗ್ ಕೆಲಸದಲ್ಲಿದ್ದೇನೆ. ಆ್ಯಪ್ ಎಲ್ಲಿ ಕೈ ಕೊಡುತ್ತದೆ ಅಂತ ಹುಡುಕುವುದು, ಅದನ್ನು ಸ್ಕ್ರೀನ್ ರೆಕಾರ್ಡ್ ಮಾಡಿ ಡೆವಲಪರ್‌ಗೆ ಕಳಿಸುವುದು, ದಿನಾ ಇದೇ. ಈ ಸುದ್ದಿ ನೆಂಟರಲ್ಲಿ ಹೇಗೋ ಹರಡಿದೆ. ಮನೆ ಓನರ್‌ಗೂ ತಲುಪಿದೆ. ಎಲ್ಲರದೂ ಒಂದೇ ಪೀಠಿಕೆ: ‘ನಿಂಗೆ ಗೊತ್ತಿರುತ್ತಲ್ಲ, ಎರಡು ನಿಮಿಷದ ಕೆಲಸ, ಸುಮ್ನೆ ಸೆಟ್ಟಿಂಗ್ ಸರಿ ಮಾಡಿಕೊಡು.’ ಎರಡೇ ನಿಮಿಷದ್ದಾದರೆ ನೀವೇ ಮಾಡಿಕೊಳ್ಳಬಹುದಲ್ಲ ಅಂತ ಬಾಯಿಗೆ ಬರುತ್ತದೆ. ನುಂಗಿಕೊಳ್ಳುತ್ತೇನೆ. ಇಲ್ಲಿ ನುಂಗುವ ಅಗತ್ಯವಿಲ್ಲ.

ಮೊದಲು ಸುಲಭದ್ದು. ಆಂಡ್ರಾಯ್ಡ್ ಫೋನ್‌ನಲ್ಲಿ ಮೇಲಿನಿಂದ ಎರಡು ಸಲ ಕೆಳಕ್ಕೆ ಎಳೆಯಿರಿ. ವೈಫೈ, ಟಾರ್ಚ್ ಬಟನ್‌ಗಳ ಜೊತೆ ಸ್ಕ್ರೀನ್ ರೆಕಾರ್ಡ್ ಇರುತ್ತದೆ. ಕಾಣದಿದ್ದರೆ ಪೆನ್ಸಿಲ್ ಗುರುತು ಒತ್ತಿ, ಅಲ್ಲಿಂದ ಅದನ್ನು ಎಳೆದು ತಂದು ಕೂರಿಸಿ. ಶುರು ಮಾಡುವ ಮೊದಲು ಅದು ಸೌಂಡ್ ಬಗ್ಗೆ ಕೇಳುತ್ತದೆ: ಮೈಕಾ, ಫೋನ್ ಒಳಗಿನ ಸೌಂಡಾ, ಎರಡೂನಾ? ಇದನ್ನು ಓದದೆ ‘ಸ್ಟಾರ್ಟ್’ ಒತ್ತುವವರೇ ಜಾಸ್ತಿ. ಎಷ್ಟೋ ಫೋನ್‌ಗಳಲ್ಲಿ ಆ ಆಯ್ಕೆ ಆಫ್ ಆಗಿಯೇ ಇರುತ್ತದೆ. ಐಫೋನ್‌ಗೆ ಇದು 2017ರಲ್ಲಿ ಐಓಎಸ್ 11ರ ಜೊತೆ ಬಂತು. ಕಂಟ್ರೋಲ್ ಸೆಂಟರ್‌ಗೆ ಸೇರಿಸಿಕೊಂಡು, ಆ ದುಂಡು ಬಟನ್ ಅನ್ನು ಒತ್ತಿ ಹಿಡಿದರೆ ಕೆಳಗೆ ಮೈಕ್ ಕಾಣುತ್ತದೆ. ಸುಮ್ನೆ ಒಂದು ಸಲ ತಟ್ಟಿದರೆ ಕಾಣುವುದಿಲ್ಲ. ತಮ್ಮದೇ ಮಾತು ಕೇಳಿಸುತ್ತಿಲ್ಲ ಅನ್ನುವವರಿಗೆ ಇಷ್ಟೇ ಉತ್ತರ.

ಆದರೆ ಕೇಳುವವರ ತೊಂದರೆ ಬಹಳ ಸಲ ಇದಾಗಿರುವುದಿಲ್ಲ. ಅವರು ರೆಕಾರ್ಡ್ ಮಾಡಿರುವುದು ವಿಡಿಯೋ ಕಾಲ್.

ಅರಸೀಕೆರೆಯ ಒಂದು ಛತ್ರದಲ್ಲಿ ಮದುವೆ ಊಟಕ್ಕೆ ಕೂತಿದ್ದೆ. ಎಲೆಗೆ ಇನ್ನೂ ಕೋಸಂಬರಿ ಬಿದ್ದಿತ್ತು, ಅಷ್ಟೇ. ದೊಡ್ಡಪ್ಪ ಪಕ್ಕದಲ್ಲಿ ಬಂದು ಕೂತರು. ‘ಏನೇ, ನೀನು ಇದೇ ಕೆಲಸ ಮಾಡೋದಂತೆ?’ ಅಂದು ಫೋನ್ ಮುಂದೆ ಹಿಡಿದರು. ಡಲ್ಲಾಸ್‌ನಲ್ಲಿ ಅವರ ಮೊಮ್ಮಗುವಿನ ನಾಮಕರಣ. ವಾಟ್ಸಾಪ್ ವಿಡಿಯೋ ಕಾಲ್‌ನಲ್ಲಿ ನೋಡುತ್ತಾ ಪೂರ್ತಿ ರೆಕಾರ್ಡ್ ಮಾಡಿದ್ದರು. ಪುರೋಹಿತರ ಬಾಯಿ ಆಡುತ್ತಿದೆ, ಮಗು ಅಳುತ್ತಿದೆ, ಎಲ್ಲರೂ ನಗುತ್ತಿದ್ದಾರೆ. ಎಲ್ಲಾ ಮೂಕಿ.

‘ಹೆಸರೇನಿಟ್ರು ಅಂತ್ಲೇ ಕೇಳಿಸಲ್ಲ ನೋಡು.’

‘ದೊಡ್ಡಪ್ಪ, ಹೆಸರು ಹೇಳೋದು ಮಗುವಿನ ಕಿವೀಲಿ. ಅಲ್ಲಿದ್ದವರಿಗೂ ಕೇಳಿಸಿರಲ್ಲ.’

ಅವರು ನಗಲಿಲ್ಲ. ‘ಅಷ್ಟು ದೊಡ್ಡ ಕಂಪನೀಲಿದೀಯ, ಇಷ್ಟೂ ಆಗಲ್ವಾ?’ ಅಂದರು. ಎದುರು ಪಂಕ್ತಿಯವರೊಬ್ಬರು, ‘ನಮ್ಮ ಹುಡುಗ ಯಾವ್ದೋ ಆ್ಯಪ್ ಹಾಕ್ಕೊಟ್ಟಿದ್ದ, ಎಲ್ಲಾ ರೆಕಾರ್ಡ್ ಆಗ್ತಿತ್ತು’ ಅಂತ ಸೇರಿಸಿದರು. ಆ ‘ಯಾವ್ದೋ ಆ್ಯಪ್’ ನನ್ನ ಹಳೇ ಶತ್ರು. ಪ್ರತಿ ಛತ್ರದಲ್ಲೂ ಅದನ್ನು ಹಾಕಿಕೊಟ್ಟ ಒಬ್ಬ ಹುಡುಗ ಇರುತ್ತಾನೆ. ಅವನು ಯಾವತ್ತೂ ಅಲ್ಲಿ ಹಾಜರಿರುವುದಿಲ್ಲ.

ದೊಡ್ಡಪ್ಪನ ಫೋನ್ ಕೆಟ್ಟಿರಲಿಲ್ಲ. ಅದು ಕೊಡುವುದಿಲ್ಲ ಅಂತ ಹೇಳುತ್ತಿತ್ತು. ಫೋನ್ ಒಳಗಿನ ಸೌಂಡ್ ಅನ್ನು ಬೇರೆ ಆ್ಯಪ್‌ಗಳು ಹಿಡಿಯಬಹುದು ಅಂತಾದದ್ದೇ 2019ರ ಆಂಡ್ರಾಯ್ಡ್ 10ರಲ್ಲಿ. ಅದಕ್ಕೂ ಮುಂಚೆ ಮೈಕ್ ಒಂದೇ ಗತಿ. ಹಾಡಿನ ಜೊತೆ ಫ್ಯಾನು, ಕುಕ್ಕರ್ ಸೀಟಿ ಎಲ್ಲವೂ ರೆಕಾರ್ಡ್ ಆಗುತ್ತಿದ್ದ ಕಾಲ ಅದು. ಹೊಸ ಅನುಮತಿಗೂ ಒಂದು ಗೆರೆ ಎಳೆದರು: ಹಾಡು, ಸಿನಿಮಾ, ಗೇಮ್‌ನ ಸೌಂಡ್ ಹಿಡಿಯಬಹುದು, ಕಾಲ್‌ನಲ್ಲಿ ಆಡುವ ಮಾತು ಹಿಡಿಯುವಂತಿಲ್ಲ. ಹಾಡಿನ ಆ್ಯಪ್ ಕೂಡ ಬೇಡ ಅಂದರೆ ಅದರ ಸೌಂಡೂ ಸಿಗುವುದಿಲ್ಲ. ಸರಿ, ಮೈಕ್ ಆನ್ ಮಾಡಿ ಸ್ಪೀಕರ್‌ನಲ್ಲಿ ಇಟ್ಟರೆ? ಮೈಕ್ ಅನ್ನು ಆಗಲೇ ಕಾಲ್ ಹಿಡಿದುಕೊಂಡಿರುತ್ತದೆ. ರೆಕಾರ್ಡರ್ ಕೇಳಿದರೆ ಸಾಮಾನ್ಯವಾಗಿ ಅದಕ್ಕೆ ಸಿಗುವುದು ಬರೀ ಮೌನ. ಐಫೋನ್‌ನಲ್ಲೂ ಕಾಲ್‌ನ ಮಾತು ಸ್ಕ್ರೀನ್ ರೆಕಾರ್ಡಿಂಗ್‌ಗೆ ಸಿಗುವುದಿಲ್ಲ.

ಆ ಹುಡುಗನ ಆ್ಯಪ್ ಪೂರ್ತಿ ಸುಳ್ಳಲ್ಲ. ಅಂಗವಿಕಲರಿಗೆ ಅನುಕೂಲವಾಗಲಿ ಅಂತ ಮಾಡಿದ ಆ್ಯಕ್ಸೆಸಿಬಿಲಿಟಿ ಅನುಮತಿಯನ್ನು ಬಳಸಿಕೊಂಡು ಫೋನ್ ಕಾಲ್ ರೆಕಾರ್ಡ್ ಮಾಡುವ ಆ್ಯಪ್‌ಗಳು ಒಂದು ಕಾಲಕ್ಕೆ ಬೇಕಾದಷ್ಟಿದ್ದವು. 2022ರ ಮೇ ತಿಂಗಳಿಂದ ಪ್ಲೇ ಸ್ಟೋರ್ ಅದನ್ನು ನಿಲ್ಲಿಸಿತು. ಈಗ ಯಾರಾದರೂ ಹೊರಗಿನಿಂದ ಫೈಲ್ ತಂದು ಹಾಕಿಕೊಡುತ್ತೇನೆ ಅಂದರೆ, ದಯವಿಟ್ಟು ಫೋನ್ ಕೊಡಬೇಡಿ. ನಾಮಕರಣ ಬೇಕಿದ್ದರೆ ಅಲ್ಲಿರುವ ಯಾರಿಗಾದರೂ ಇನ್ನೊಂದು ಫೋನ್‌ನ ಕ್ಯಾಮೆರಾದಲ್ಲಿ ವಿಡಿಯೋ ತೆಗೆಯಲು ಹೇಳಿ. ಪಾಯಸ ಬರುವ ಹೊತ್ತಿಗೆ ದೊಡ್ಡಪ್ಪನಿಗೂ ಇದನ್ನೇ ಹೇಳಿದೆ. ‘ಮುಗಿದು ಹೋಯ್ತಲ್ಲೇ’ ಅಂದರು. ಅದಕ್ಕೆ ನನ್ನ ಹತ್ತಿರ ಸೆಟ್ಟಿಂಗ್ ಇಲ್ಲ.

ಎರಡನೇ ದೂರು ಕಪ್ಪು ಪರದೆ. ‘ಬ್ಯಾಂಕ್ ಆ್ಯಪ್ ರೆಕಾರ್ಡ್ ಮಾಡಿದ್ರೆ ಬ್ಲ್ಯಾಕ್ ಬರುತ್ತೆ, ಫೋನ್ ಹಾಳಾಗಿದೆ.’ ಹಾಳಾಗಿಲ್ಲ. ಆ್ಯಪ್ ಬರೆಯುವವರು ಫ್ಲ್ಯಾಗ್ ಸೆಕ್ಯೂರ್ ಅಂತ ಒಂದು ಗುರುತು ಹಾಕಿದರೆ ಆ ಪುಟದ ಸ್ಕ್ರೀನ್‌ಶಾಟ್ ಸಿಗದು, ರೆಕಾರ್ಡಿಂಗ್‌ನಲ್ಲಿ ಅದು ಕಪ್ಪಾಗುತ್ತದೆ. ಬೇಕಂತಲೇ ಹಾಕುತ್ತಾರೆ. ಸ್ಕ್ರೀನ್ ಹಂಚಿಕೊಳ್ಳುವ ಆ್ಯಪ್ ಹಾಕಿಸಿ ಖಾತೆ ಖಾಲಿ ಮಾಡುವವರ ಬಗ್ಗೆ ರಿಸರ್ವ್ ಬ್ಯಾಂಕ್ 2019ರ ಫೆಬ್ರುವರಿಯಲ್ಲೇ ಬ್ಯಾಂಕುಗಳನ್ನು ಎಚ್ಚರಿಸಿತ್ತು. ನಿಮ್ಮ ಬ್ಯಾಲೆನ್ಸ್ ನಿಮ್ಮ ರೆಕಾರ್ಡಿಂಗ್‌ನಲ್ಲಿ ಕಂಡರೆ ಅವರಿಗೂ ಕಾಣುತ್ತದೆ. ಹಣದ ಆ್ಯಪ್ ಟೆಸ್ಟ್ ಮಾಡುವಾಗ ಪಿನ್ ಪುಟ ಕಪ್ಪಾಗಿ ಬಂದರೆ ನಾವು ಪಾಸ್ ಅಂತ ಬರೆಯುತ್ತೇವೆ. ಚೆನ್ನಾಗಿ ಕಾಣಿಸಿಬಿಟ್ಟರೆ ಆಗ ಗಲಾಟೆ. ನೀವು ರಿಪೇರಿಗೆ ತರುವುದು ನನ್ನ ಸಂಬಳದ ಕೆಲಸವನ್ನೇ ಅನ್ನುವುದು ಸ್ವಲ್ಪ ಚುಚ್ಚುತ್ತದೆ, ನಿಜ.

ಮೂರನೆಯದು ‘ಫೈಲೇ ತೆರೆಯಲ್ಲ’. ಮಧ್ಯದಲ್ಲಿ ಚಾರ್ಜ್ ಮುಗಿದಿರುತ್ತದೆ, ಇಲ್ಲಾ ಜಾಗ ತುಂಬಿರುತ್ತದೆ. ಎಂಪಿ4 ಅನ್ನುವ ವಿಡಿಯೋ ಫೈಲ್‌ನಲ್ಲಿ ಯಾವ ಚಿತ್ರ ಎಲ್ಲಿದೆ ಅನ್ನುವ ಪಟ್ಟಿಯನ್ನು ಫೋನ್ ಸಾಮಾನ್ಯವಾಗಿ ಕೊನೆಯಲ್ಲಿ ಬರೆಯುತ್ತದೆ. ‘ಸ್ಟಾಪ್’ ಒತ್ತುವ ಮೊದಲೇ ಫೋನ್ ಸತ್ತರೆ ಆ ಪಟ್ಟಿ ಇರುವುದಿಲ್ಲ. ಸೆಕೆಂಡಿಗೆ 8 ಮೆಗಾಬಿಟ್, ಅಂದರೆ 1 ಎಂಬಿ, ಲೆಕ್ಕದಲ್ಲಿ ರೆಕಾರ್ಡ್ ಆದರೆ ನಿಮಿಷಕ್ಕೆ 60 ಎಂಬಿ, ಗಂಟೆಗೆ ಮೂರೂವರೆ ಜಿಬಿ ಮೇಲೆ. ಗುಡ್ ಮಾರ್ನಿಂಗ್ ಫೋಟೋಗಳನ್ನು ಡಿಲೀಟ್ ಮಾಡಿ ಕೂತುಕೊಳ್ಳಿ.

ಇಷ್ಟು ಜನರಲ್ಲಿ ಒಬ್ಬರಾದರೂ ‘ನಾನು ಮಾಡಿದ ರೆಕಾರ್ಡಿಂಗ್ ನೋಡಿ ಊರಲ್ಲಿರೋ ಅಮ್ಮನಿಗೆ ಅರ್ಥವಾಗ್ಬೇಕು, ಹೇಗೆ ಮಾಡ್ಲಿ?’ ಅಂತ ಕೇಳಬಾರದಾ? ಅದಕ್ಕೆ ನಾನು ಊಟ ಬಿಟ್ಟು ಉತ್ತರ ಹೇಳುತ್ತೇನೆ. ಜನ ಕಳಿಸುವ ರೆಕಾರ್ಡಿಂಗ್‌ಗಳನ್ನು ನೋಡಿದ್ದೇನೆ. ಕರೆಂಟ್ ಬಿಲ್ ಕಟ್ಟುವುದು ಹೇಗೆ ಅಂತ ತೋರಿಸುತ್ತಾರೆ. ಪುಟಗಳು ತಾವಾಗಿಯೇ ಹಾರುತ್ತವೆ, ಬೆರಳು ಎಲ್ಲಿ ಬಿತ್ತು ಅಂತ ದೇವರಿಗೇ ಗೊತ್ತು. ಜೊತೆಗೆ ‘ಇದು ಒತ್ತಿ, ಆಮೇಲೆ ಇದು, ಆಮೇಲೆ ಇದು’ ಅನ್ನುವ ದನಿ. ಯಾವುದು ಇದು?

ಆಂಡ್ರಾಯ್ಡ್‌ನಲ್ಲಿ ಸೌಂಡ್ ಆಯ್ಕೆಯ ಕೆಳಗೇ ‘ಶೋ ಟಚಸ್’ ಅಂತ ಇರುತ್ತದೆ. ಅದನ್ನು ಆನ್ ಮಾಡಿದರೆ ಬೆರಳು ಬಿದ್ದ ಕಡೆ ಒಂದು ಚುಕ್ಕೆ ಕಾಣುತ್ತದೆ. ಪಿನ್, ಪಾಸ್‌ವರ್ಡ್ ಒತ್ತುವಾಗ ಇದೇ ಚುಕ್ಕೆ ಎಲ್ಲವನ್ನೂ ಹೇಳಿಬಿಡುತ್ತದೆ, ಅಲ್ಲಿಗೆ ಬರುವ ಮೊದಲು ರೆಕಾರ್ಡಿಂಗ್ ನಿಲ್ಲಿಸಿ. ‘ಡು ನಾಟ್ ಡಿಸ್ಟರ್ಬ್’ ಹಾಕಿ, ಇಲ್ಲದಿದ್ದರೆ ಬಿಲ್ ಮಧ್ಯೆ ನಿಮ್ಮ ಸ್ನೇಹಿತರ ಮೆಸೇಜ್‌ಗಳನ್ನೂ ಅಮ್ಮ ಓದುತ್ತಾರೆ. ಅವರ ಫೋನ್ ಕನ್ನಡದಲ್ಲಿದ್ದರೆ ರೆಕಾರ್ಡ್ ಮಾಡುವಷ್ಟು ಹೊತ್ತು ನಿಮ್ಮದನ್ನೂ ಕನ್ನಡಕ್ಕೆ ಬದಲಿಸಿ. ‘ಇದು’ ಅನ್ನಬೇಡಿ. ‘ಕೆಳಗೆ ಬಲಗಡೆ ಇರೋ ಹಸಿರು ಬಟನ್’ ಅನ್ನಿ. ಒತ್ತುವ ಮೊದಲು ಸ್ವಲ್ಪ ನಿಲ್ಲಿ, ಒತ್ತಿದ ಮೇಲೂ ನಿಲ್ಲಿ. ನಿಮಗೆ ಬೋರ್ ಆಗುವಷ್ಟು ನಿಧಾನ ಮಾಡಿದರೆ ಅವರಿಗೆ ಸರಿಯಾಗಿರುತ್ತದೆ.

ಕಳಿಸುವಾಗ ವಾಟ್ಸಾಪ್‌ನಲ್ಲಿ ವಿಡಿಯೋ ಆಗಿ ಹಾಕಬೇಡಿ, ಅದು ಹಿಂಡಿ ಚಿಕ್ಕದು ಮಾಡುವಾಗ ಸಣ್ಣ ಅಕ್ಷರಗಳು ಮಸುಕಾಗುತ್ತವೆ. ಡಾಕ್ಯುಮೆಂಟ್ ಆಗಿ ಹಾಕಿ. ಡಾಕ್ಯುಮೆಂಟ್ ಎಲ್ಲಿ ಒತ್ತಿ ನೋಡೋದು ಅಂತ ಅಮ್ಮ ಕೇಳೇ ಕೇಳುತ್ತಾರೆ. ಫೋನ್ ಮಾಡಿ ಹೇಳಿ. ಅದಕ್ಕೂ ಇನ್ನೊಂದು ರೆಕಾರ್ಡಿಂಗ್ ಮಾಡಿ ಕಳಿಸಬೇಡಿ.