ಬೈದ್ರೆ ಅಳೋ ಡೈನೋಸಾರು

ನಮ್ಮತ್ತೆ ತಿಪಟೂರಿಂದ ನ್ಯೂಜೆರ್ಸಿಗೆ ಬಂದು ಎರಡು ತಿಂಗಳಾಯ್ತು. ಹೊರಗೆ ಕೊರೆಯೋ ಚಳಿ, ನಾವಿಬ್ರೂ ಆಫೀಸು, ಮಗ ಸ್ಕೂಲು, ಟಿವಿ ಹಾಕಿದ್ರೆ ಬರೀ ಇಂಗ್ಲಿಷು, ಪಾಪ ಕಿಟಕಿ ಹತ್ರ ಕೂತು ಪಕ್ಕದ ಮನೆಯವನು ಹಿಮ ಎತ್ತಿಹಾಕೋದನ್ನೇ ನೋಡ್ತಿದ್ರು. ಹೋದ ಶನಿವಾರ ಲೈಬ್ರರೀಲಿ ಹಳೇ ಮೂಕಿ ಕಾರ್ಟೂನ್ ಫ್ರೀಯಾಗಿ ತೋರಿಸ್ತಾರೆ ಅಂತ ಮಗನ್ನ ಕರ್ಕೊಂಡು ಹೊರಟೆ, ಅತ್ತೇನೂ ಸ್ವೆಟರ್ ಮೇಲೆ ಶಾಲು ಹೊದ್ದು ಬಂದ್ರು.

ಮೂಲೇಲಿ ಒಬ್ರು ತಾತ ಪಿಯಾನೋ ನುಡಿಸ್ತಿದ್ರು. ಮೊದ್ಲು ಫೀಲಿಕ್ಸ್ ಬೆಕ್ಕು. 1919ರದ್ದು, ಮಿಕ್ಕಿ ಮೌಸ್‌ಗಿಂತ 9 ವರ್ಷ ದೊಡ್ಡವನು. ಬಾಲ ಕಿತ್ತು ದೊಣ್ಣೆ ಮಾಡ್ಕೊಳ್ತಾನೆ, ತಲೆ ಮೇಲೆ ಮೂಡೋ ಪ್ರಶ್ನೆ ಗುರ್ತನ್ನೇ ಹಿಡಿದು ಕೊಕ್ಕೆ ಮಾಡ್ಕೊಳ್ತಾನೆ. ಚಿತ್ರ ಬರೀತಿದ್ದೋನು ಆಟೋ ಮೆಸ್ಮರ್, ತೆರೆ ಮೇಲೆ ಹೆಸರು ಮಾತ್ರ ಸ್ಟುಡಿಯೋ ಮಾಲೀಕ ಪ್ಯಾಟ್ ಸಲಿವನ್‌ದು. (ಆಫೀಸಲ್ಲಿ ಕೆಲಸ ಮಾಡೋರಿಗೆ ಇದನ್ನ ಬಿಡಿಸಿ ಹೇಳ್ಬೇಕಾ!)

ಆದ್ರೆ ನನ್ನ ಕೇಳಿದ್ರೆ ಗರ್ಟಿ ಮುಂದೆ ಫೀಲಿಕ್ಸ್ ಏನೂ ಅಲ್ಲ. 1914ರಲ್ಲಿ ವಿನ್ಸರ್ ಮೆಕೇ ಅನ್ನೋ ಅಮೆರಿಕದ ಕಾರ್ಟೂನಿಸ್ಟ್ ಮಾಡಿದ ಹೆಣ್ಣು ಡೈನೋಸಾರು. ಮೊದ್ಲು ಇದು ಸ್ಟೇಜ್ ಐಟಂ ಆಗಿತ್ತು, ಮೆಕೇ ಚಾಟಿ ಹಿಡ್ಕೊಂಡು ತೆರೆ ಪಕ್ಕ ನಿಂತು ಹೇಳೋನು, ಅವಳು ಹಾಗೇ ಮಾಡೋಳು. ಆಪಲ್ ಎಸೆದ ಹಾಗೆ ಮಾಡಿ ಕೈಯಲ್ಲೇ ಬಚ್ಚಿಟ್ಕೊಳ್ಳೋನು, ತೆರೇಲಿ ಬರೆದಿರೋ ಆಪಲ್ ಅವಳ ಬಾಯಿಗೆ! ಕೊನೆಗೆ ಅವನು ತೆರೆ ಹಿಂದೆ ಹೋದ್ರೆ ಬರೆದಿರೋ ಮೆಕೇ ಬಂದು ಅವಳ ಬೆನ್ನೇರಿ ಹೊರಡೋನು. ಈಗ ನೋಡೋ ಫಿಲ್ಮಲ್ಲಿ ಅವನ ಮಾತೆಲ್ಲ ಮಧ್ಯೆ ಮಧ್ಯೆ ಬರಹದ ಕಾರ್ಡಲ್ಲಿ ಬರತ್ತೆ. ಮಗ ಅದನ್ನ ಕನ್ನಡದಲ್ಲಿ ಹೇಳೋಕೆ ಹೋದ, ಅತ್ತೆ "ಸುಮ್ನಿರೋ, ಗೊತ್ತಾಗತ್ತೆ" ಅಂದ್ರು.

ಮೆಕೇ ಬೈದ, ಗರ್ಟಿ ಗೊಳೋ ಅಂತ ಅತ್ತಳು. ಅತ್ತೆ ನನ್ನ ಮೊಣಕೈ ತಿವಿದು "ನೋಡೇ, ಥೇಟ್ ನಮ್ಮನೆ ಎಮ್ಮೆ, ಬೈದ್ರೆ ಹೀಗೇ ಮುಖ ಮಾಡೋದು!" ಸ್ವಲ್ಪ ಹೊತ್ತಿಗೆ ಇನ್ನೊಂದು ಕೇಳಿದ್ರು, "ಆ ಬಂಡೆ ಯಾಕೆ ನಡುಗ್ತಿದೆ?"

ನಾನು ಅಲ್ಲೀವರೆಗೂ ಗಮನಿಸೇ ಇರ್ಲಿಲ್ಲ ಕಣ್ರೀ. ಸಾವಿರಾರು ಹಾಳೆ, ಒಂದೊಂದರ ಮೇಲೂ ಅದೇ ಬಂಡೆ, ಅದೇ ಬೆಟ್ಟ ಮತ್ತೆ ಮತ್ತೆ ಕೈಯಲ್ಲೇ ಬರೀಬೇಕು, ಅದಕ್ಕೆ ಮೆಕೇ ಜಾನ್ ಫಿಟ್ಸಿಮನ್ಸ್ ಅಂತ ಒಬ್ಬ ಹುಡುಗನ್ನ ಇಟ್ಕೊಂಡಿದ್ದ, ಗೆರೆ ಕೂದಲೆಳೆಯಷ್ಟು ಆಚೀಚೆ ಆದ್ರೂ ತೆರೇಲಿ ನಡುಕ. ಅದೇ ವರ್ಷದ ಕೊನೇಲಿ ಅರ್ಲ್ ಹರ್ಡ್ ಅನ್ನೋನು ಪಾರದರ್ಶಕ ಸೆಲ್ಯುಲಾಯ್ಡ್ ಹಾಳೆ ಮೇಲೆ ಬರೆಯೋದಕ್ಕೆ ಪೇಟೆಂಟ್ ಅರ್ಜಿ ಹಾಕಿದ, ಆ ಪದ್ಧತೀಲಿ ಬಂಡೆ ಬೆಟ್ಟದಂಥ ಹಿನ್ನೆಲೆ ಚಿತ್ರ ಒಂದ್ಸಲ ಬರೆದ್ರೆ ಸಾಕು.

ಮಾರನೇ ದಿನ ಅತ್ತೆ ಊರಿಗೆ ಫೋನ್ ಹಚ್ಚಿದ್ರು. ಎರಡು ತಿಂಗಳಿಂದ "ಇಲ್ಲಿ ಏನೂ ಇಲ್ಲ ಬಿಡು" ಅಂತಿದ್ದೋರು ಅವತ್ತು ನಾದಿನಿಗೆ ಜೋರಾಗಿ ಹೇಳ್ತಿದ್ರು, "ಕೆರೆ ನೀರೆಲ್ಲಾ ಕುಡ್ದುಬಿಡ್ತು ಕಣೇ, ಒಂದು ಹನಿ ಬಿಡ್ಲಿಲ್ಲ!"