ನಾನು ನೋಡಿದ್ದು ಗಿಯಾಳನ್ನು

'ಯೂಫೋರಿಯಾ' ಅನ್ನುವ ಅಮೆರಿಕದ ಧಾರಾವಾಹಿ ನೋಡಿದವರೆಲ್ಲ ಅದರ ನಾಯಕಿ, ಮಾದಕ ವಸ್ತುವಿನ ಚಟ ಹತ್ತಿದ ಹುಡುಗಿ ರೂ ಬಗ್ಗೆ ಮಾತಾಡುತ್ತಾರೆ. ಆ ಪಾತ್ರ ಮಾಡಿದ ಜೆಂಡಾಯಾ 2020ರಲ್ಲಿ ಒಮ್ಮೆ, 2022ರಲ್ಲಿ ಇನ್ನೊಮ್ಮೆ ಟಿವಿ ಪ್ರಶಸ್ತಿ ಎಮ್ಮಿ ಗೆದ್ದರು. ಗೆಲ್ಲಲೇಬೇಕಿತ್ತು. ಆದರೆ ನನ್ನ ಕಣ್ಣು ಹೋಗಿದ್ದು ರೂಳ ತಂಗಿ ಗಿಯಾ ಮೇಲೆ.

ಅಪ್ಪನ ಕ್ಯಾನ್ಸರ್ ನೋವಿಗೆ ಕೊಟ್ಟ ಮಾತ್ರೆಯಿಂದ ರೂಳ ಚಟ ಶುರುವಾಗುತ್ತದೆ. ಒಂದು ದಿನ ಜಾಸ್ತಿಯಾಗಿ ಅವಳು ಪ್ರಜ್ಞೆ ಇಲ್ಲದೆ ಬಿದ್ದಿರುತ್ತಾಳೆ. ನೋಡುವವಳು ಗಿಯಾ. ಆಮೇಲೆ ಅಮ್ಮ ಮೂತ್ರ ಪರೀಕ್ಷೆ ಮಾಡಿದರೆ ರೂ ಗೆಳತಿ ಲೆಕ್ಸಿಯ ಮೂತ್ರ ತಂದು ಕೊಡುತ್ತಾಳೆ. ಎರಡನೇ ಸೀಸನ್‌ನಲ್ಲಿ, ಬರೀ ಗಾಂಜಾ ಸೇದ್ತೀನಿ ಅಷ್ಟೇ ಅಂತ ತಂಗಿಯನ್ನು ನಂಬಿಸುತ್ತಾಳೆ.

ನಮ್ಮ ಮನೆಯಲ್ಲಿ ಅದು ಅಣ್ಣ ನಶೆಗೆ ಕುಡಿಯುತ್ತಿದ್ದ ಕೆಮ್ಮಿನ ಸಿರಪ್. 2008, ಹಾಸನ. ಅಣ್ಣ ಡಿಗ್ರಿ ಎರಡನೇ ವರ್ಷ, ನಾನು ಪಿಯುಸಿ. ಬಚ್ಚಲು ಮನೆಯ ಹಂಡೆ ಹಿಂದೆ ಖಾಲಿ ಬಾಟಲಿಗಳು ಸಿಕ್ಕವು. ಯಾರಿಗೂ ಹೇಳಲಿಲ್ಲ. ಮತ್ತೆ ಅಲ್ಲೇ ಇಟ್ಟುಬಿಟ್ಟೆ.

ಅದೇ ವರ್ಷ ಬಸ್ ಸ್ಟ್ಯಾಂಡ್ ಹತ್ತಿರದ ಸೈಬರ್ ಸೆಂಟರ್‌ನಲ್ಲಿ ಆಗಿನ ಸೋಷಿಯಲ್ ಮೀಡಿಯಾ ಆರ್ಕುಟ್‌ನಲ್ಲಿ ಅಕೌಂಟ್ ಮಾಡಿದೆ. ಹೆಸರು 'ಮಳೆಹುಡುಗಿ'. ಊರು ಮಡಿಕೇರಿ ಅಂತ ಹಾಕಿದೆ. ಯಾರಾದರೂ ಕೇಳಿದರೆ, ನಾನು ಒಬ್ಬಳೇ ಮಗಳು ಅನ್ನುತ್ತಿದ್ದೆ. ಗಂಟೆಗೆ ಹದಿನೈದು ರೂಪಾಯಿ. ಆ ಒಂದು ಗಂಟೆ ನನಗೆ ಅಣ್ಣ ಇರುತ್ತಿರಲಿಲ್ಲ.

ಅದಕ್ಕೇ ರೂ ಪ್ರೀತಿಸುವ ಹುಡುಗಿ ಜೂಲ್ಸ್‌ಳ ಕಥೆ ನನಗೆ ಅಷ್ಟು ತಟ್ಟಿತು. ಅವಳು ಫೋನಿನಲ್ಲಿ 'ಟೈಲರ್' ಅನ್ನುವ ಹುಡುಗನನ್ನು ಪ್ರೀತಿಸುತ್ತಾಳೆ. ಟೈಲರ್ ಅನ್ನುವವನೇ ಇಲ್ಲ. ಆ ಹೆಸರಿನಲ್ಲಿ ಬರೆಯುತ್ತಿದ್ದವನು ಅದೇ ಶಾಲೆಯ ನೇಟ್. ಮೋಸ ಗೊತ್ತಾದ ಮೇಲೂ ಆ ಪ್ರೀತಿ ಅವಳನ್ನು ಬಿಡುವುದಿಲ್ಲ. 2021ರ ಜನವರಿಯಲ್ಲಿ ಬಂದ ವಿಶೇಷ ಕಂತಿನಲ್ಲಿ ಅವಳು ಥೆರಪಿಸ್ಟ್ ಮುಂದೆ ಕೂತು ಇದನ್ನೆಲ್ಲ ಹೇಳುತ್ತಾಳೆ. ಜೂಲ್ಸ್‌ಳ ಅಮ್ಮನಿಗೂ ಚಟ ಇತ್ತು. ಈಗ ರೂ ಮಾತ್ರೆ ಬಿಟ್ಟಿರುವುದು ತಾನು ಜೊತೆಗಿದ್ದರೆ ಮಾತ್ರ ಅನ್ನುವ ಭಾರ ಬೇರೆ. ಟೈಲರ್ ಹತ್ತಿರ ಆ ಭಾರ ಇರಲಿಲ್ಲ, ಅಲ್ವಾ? ಅವನನ್ನು ಯಾರೂ ಕಾಯಬೇಕಿರಲಿಲ್ಲ. ಮಳೆಹುಡುಗಿಗೂ ಕಾಯುವ ಕೆಲಸ ಇರಲಿಲ್ಲ.

ಧಾರಾವಾಹಿಯಲ್ಲಿ ನನಗೆ ಇಷ್ಟವಾಗದ್ದೂ ಇದೆ. ಹದಿಹರೆಯದ ಪಾತ್ರಗಳ ಮೈಯನ್ನು ಅಷ್ಟು ತೋರಿಸುವ ಅಗತ್ಯ ಇರಲಿಲ್ಲ. ಮಕ್ಕಳ ಜೊತೆ ಕೂತು ನೋಡುವಂಥದ್ದಲ್ಲ. ಆದರೆ ಎರಡನೇ ಸೀಸನ್‌ನ ಐದನೇ ಕಂತು ಮಾತ್ರ ಯಾವತ್ತೂ ಮರೆಯಲಾರೆ. ಮಾತ್ರೆ ತುಂಬಿದ ಸೂಟ್‌ಕೇಸ್ ಕಾಣದೆ ರೂ ಮನೆಯ ಬಾಗಿಲು ಒದೆಯುತ್ತಾಳೆ, ಅಮ್ಮನಿಗೆ ಬಾಯಿಗೆ ಬಂದಂತೆ ಬಯ್ಯುತ್ತಾಳೆ. ನಾನು ವಾಲ್ಯೂಮ್ ಕಡಿಮೆ ಮಾಡಿದೆ. ಪಕ್ಕದ ಮನೆಗೆ ಕೇಳಿಸಬಾರದು ಅಂತ ನಮ್ಮಮ್ಮ ಆಗ ಟಿವಿ ಜೋರು ಮಾಡುತ್ತಿದ್ದರು.

ಅಣ್ಣ ಅದನ್ನು ಬಿಟ್ಟು ಹನ್ನೊಂದು ವರ್ಷ ಆಯ್ತು. ಮೊನ್ನೆ ಫೋನಿನಲ್ಲಿ ಮಳೆಹುಡುಗಿಯ ವಿಷಯ ಹೇಳಿದೆ. ಒಬ್ಬಳೇ ಮಗಳು ಅಂತ ಹೇಳಿಕೊಳ್ಳುತ್ತಿದ್ದೆ ಅನ್ನುವುದನ್ನೂ ಹೇಳಿದೆ. ಅವನು ತುಂಬಾ ಹೊತ್ತು ಮಾತಾಡಲಿಲ್ಲ.

"ಹಂಡೆ ಹಿಂದೆ ಬಾಟಲಿ ಇದ್ದಿದ್ದು ನಿಂಗೆ ಗೊತ್ತಿತ್ತೇನೇ?" ಅಂತ ಕೇಳಿದ.