ನ್ಯಾಪ್ ಆಫ್ ಹೌವರ್ ಮಾದರಿ: ಗೋಡೆಗಳು ಎದ್ದವು

ಸ್ಕಾಟ್ಲೆಂಡಿನ ಉತ್ತರಕ್ಕಿರುವ ಆರ್ಕ್ನಿ ದ್ವೀಪಗಳಲ್ಲಿ ಪಾಪಾ ವೆಸ್ಟ್ರೇ ಒಂದು ಪುಟ್ಟ ದ್ವೀಪ. ಅಲ್ಲಿ ಕಡಲಿಗೆ ಮುಖ ಮಾಡಿ ನಿಂತಿರುವ ರೈತಾಪಿ ಮನೆಯೇ ನ್ಯಾಪ್ ಆಫ್ ಹೌವರ್. ಕ್ರಿ.ಪೂ. 3700ರ ಸುಮಾರಿನದು, ಉತ್ತರ ಯುರೋಪಿನಲ್ಲಿ ಇಂದಿಗೂ ನಿಂತಿರುವ ಅತಿ ಹಳೆಯ ಕಲ್ಲಿನ ಮನೆಗಳ ಸಾಲಿಗೆ ಸೇರಿದ್ದು. ಅದನ್ನು 1:20ರ ಅಳತೆಯಲ್ಲಿ ಕಟ್ಟುತ್ತಿದ್ದೇನೆ. ಗೋಡೆಗಳ ಕೆಲಸ ಮುಗಿದಿದೆ.

ಮಾದರಿಗೆ ಶಹಾಬಾದ್ ಕಲ್ಲಿನ ಚಕ್ಕೆಗಳನ್ನೇ ಆರಿಸಿಕೊಂಡೆ. ಆರ್ಕ್ನಿಯದು ಮರಳುಗಲ್ಲಿನ ಜಾತಿ, ನಮ್ಮ ಕಲಬುರಗಿ ಕಡೆಯದು ಸುಣ್ಣಕಲ್ಲು. ಆದರೆ ಎರಡೂ ಪದರ ಪದರವಾಗಿ ಸೀಳುತ್ತವೆ. ಉಳಿಯನ್ನು ಅಂಚಿಗೆ ಹಿಡಿದು ಮೆಲ್ಲಗೆ ತಟ್ಟಿದರೆ ಸಾಕು, ಸಮತಟ್ಟಾದ ತುಂಡು ಬಿಡಿಸಿಕೊಳ್ಳುತ್ತದೆ. ಲೋಹವನ್ನೇ ಕಾಣದ ಜನ ಅಷ್ಟು ಒಪ್ಪವಾದ ಗೋಡೆ ಎಬ್ಬಿಸಿದ್ದು ಹೇಗೆಂಬುದು ಈ ಕಲ್ಲು ಕೈಗೆ ಬಂದ ಮೇಲೆ ನನಗೆ ಮನದಟ್ಟಾಯಿತು. ಅರ್ಧ ಕೆಲಸವನ್ನು ನೆಲವೇ ಮಾಡಿಕೊಟ್ಟಿತ್ತು. ಉಳಿದರ್ಧ ಅವರ ಕಣ್ಣಳತೆ, ತಾಳ್ಮೆ.

ಗಾರೆ ಎಲ್ಲಿಯೂ ಇಲ್ಲ. ಒಳಗೊಂದು, ಹೊರಗೊಂದು ಕಲ್ಲಿನ ಸಾಲು. ನಡುವೆ ತಿಪ್ಪೆಯ ಮಣ್ಣು. ಬೂದಿ, ಚಿಪ್ಪು, ಮೂಳೆ, ಕೊಳೆತ ಕಸ ಎಲ್ಲವೂ ಸೇರಿದ ಆ ತುಂಬುವಿಕೆ ಗಾಳಿಯನ್ನು ತಡೆದು ಬೆಚ್ಚಗಿಡುತ್ತದೆ. ಮರ ಬೆಳೆಯುವುದೇ ಕಷ್ಟವಾದ ಆ ದ್ವೀಪದ ಗಾಳಿಗೆ ಇದಕ್ಕಿಂತ ಜಾಣ ಉತ್ತರ ನನಗೆ ತೋಚುವುದಿಲ್ಲ. ಮೂಲದಲ್ಲಿ ಗೋಡೆಯ ದಪ್ಪ ಸುಮಾರು ಒಂದೂವರೆ ಮೀಟರ್, ಆದ್ದರಿಂದ ನನ್ನದು ಏಳೂವರೆ ಸೆಂಟಿಮೀಟರ್. ಜರಡಿ ಹಿಡಿದ ಮಣ್ಣಿಗೆ ಒಲೆಯ ಬೂದಿಯನ್ನೂ ಪುಡಿ ಮಾಡಿದ ಚಿಪ್ಪನ್ನೂ ಬೆರೆಸಿ ತುಂಬಿದ್ದೇನೆ. ಹೊರಗಿನಿಂದ ಇದು ಕಾಣುವುದಿಲ್ಲ, ಆದರೂ ಥರ್ಮಾಕೋಲ್ ತುರುಕಲು ಮನಸ್ಸು ಒಪ್ಪಲಿಲ್ಲ. ಮೂಲೆಗಳನ್ನು ದುಂಡಗೆ ತಿರುಗಿಸಿದ್ದೇನೆ, ಅಲ್ಲಿರುವಂತೆಯೇ.

ಕಟ್ಟಡಗಳು ಎರಡು. ದೊಡ್ಡದರ ಒಳಗಿನ ಉದ್ದ ಸುಮಾರು 10 ಮೀಟರ್, ಅಗಲ 5. ಪಕ್ಕದ ಚಿಕ್ಕದನ್ನು ಕೆಲಸದ ಮನೆ ಅಥವಾ ಕಣಜವೆಂದು ತಜ್ಞರು ಊಹಿಸುತ್ತಾರೆ. ಎರಡನ್ನೂ ಕೂಡಿಸುವ ತಗ್ಗಾದ ಓಣಿಯೊಂದಿದೆ; ಬಗ್ಗಿಯೇ ಹಾಯಬೇಕು. ಕಾಲಾಂತರದಲ್ಲಿ ಆ ಓಣಿಯನ್ನು ಕಲ್ಲಿಟ್ಟು ಮುಚ್ಚಿದ್ದರು. ನಾನು ತೆರೆದೇ ಇಟ್ಟಿದ್ದೇನೆ, ಏಕೆಂದರೆ ಎರಡೂ ಮನೆಗಳಲ್ಲಿ ಜನ ಓಡಾಡುತ್ತಿದ್ದ ಕಾಲವನ್ನು ತೋರಿಸುವುದು ನನ್ನ ಉದ್ದೇಶ.

1930ರ ದಶಕದಲ್ಲಿ ಇದನ್ನು ಅಗೆದವರು ಕಬ್ಬಿಣಯುಗದ ಮನೆಯೆಂದು ತಿಳಿದಿದ್ದರು. 1970ರ ದಶಕದಲ್ಲಿ ಪುರಾತತ್ತ್ವಜ್ಞೆ ಆ್ಯನಾ ರಿಚಿ ಮತ್ತೆ ಅಗೆದಾಗ ರೇಡಿಯೊ ಕಾರ್ಬನ್ ಪರೀಕ್ಷೆಯಿಂದ ನವಶಿಲಾಯುಗದ್ದೆಂದು ಖಚಿತವಾಯಿತು. ದನ, ಕುರಿ, ಹಂದಿಗಳ ಮೂಳೆ, ಬಾರ್ಲಿಯ ಕುರುಹು, ಮೀನು, ಚಿಪ್ಪು ಸಿಕ್ಕವು. ಅರಸರ ಸುಳಿವಿಲ್ಲ; ಉತ್ತು ಬಿತ್ತಿ, ದನ ಕಟ್ಟಿ, ಕಡಲಲ್ಲಿ ಮೀನು ಹಿಡಿದ ಒಂದು ಕುಟುಂಬದ ಬದುಕು. ನನ್ನನ್ನು ಸೆಳೆದದ್ದು ಅದೇ.

ಈಗ ಒಳಗಿನ ಕೆಲಸಕ್ಕೆ ಕೈ ಹಾಕಿದ್ದೇನೆ. ದೊಡ್ಡ ಮನೆಯನ್ನು ಎರಡಾಗಿ ವಿಭಜಿಸುವ ನಿಲುಗಲ್ಲುಗಳು ಸಿದ್ಧವಾಗಿವೆ. ಮುಂದೆ ಕಾಳು ಅರೆಯುವ ಕಲ್ಲು, ಗೋಡೆಯ ಬದಿಯ ಕಟ್ಟೆ, ಚಿಕ್ಕ ಮನೆಯ ಗೂಡುಗಳು. ಚಾವಣಿ ಹಾಕುವುದಿಲ್ಲ: ಅಲ್ಲಿ ಉಳಿದಿರುವುದು ಗೋಡೆಗಳು ಮಾತ್ರ, ತೆರೆದಿದ್ದರೆ ನೋಡುವವರಿಗೆ ಒಳಗಿನ ಒಲೆಯೂ ಕಾಣುತ್ತದೆ.